ಅಮರಗುಂಡಪ್ಪನ ಜಾಲಿ ಗಿರಣಿ

ಡೀಸೆಲ್ ಇಲ್ಲದ ಮೇಲೆ ಗಿರಣಿಯ ಮಾಲೀಕನಿಗೂ ತಗಡಿನ ಮನೆಯ ಕಾವಲುಗಾರನಿಗೂ ಹೆಚ್ಚಿನ ವ್ಯತ್ಯಾಸವಿಲ್ಲ. ತುರ್ವಿಹಾಳದ ಅಮರಗುಂಡಪ್ಪ ಈ ಸತ್ಯವನ್ನು ಕಂಡುಕೊಂಡದ್ದು ಕೊಲ್ಲಿ ದೇಶಗಳಲ್ಲಿ ಯುದ್ಧದ ಮಾತು ಎದ್ದ ವರ್ಷ. ಎಲ್ಲೋ ಮರಳುಗಾಡಿನಲ್ಲಿ ಯಾರೋ ಯಾರದೋ ಎಣ್ಣೆ ಬಾವಿಯ ಮೇಲೆ ಹೋಗಿ ಕುಳಿತರೆ, ಸಿಂಧನೂರಿನ ಪಂಪಿನ ಮುಂದೆ ಕ್ಯಾನು ಹಿಡಿದವರ ಸಾಲು ಬಸ್‌ಸ್ಟ್ಯಾಂಡಿನವರೆಗೆ ಬೆಳೆಯುತ್ತದೆ ಎಂದು ಅವನಿಗೆ ಯಾರೂ ಮೊದಲೇ ಹೇಳಿರಲಿಲ್ಲ. ದೀಪಾವಳಿಯಾದ ಮೇಲೆ ಅವನ ಹಿಟ್ಟಿನ ಗಿರಣಿಯ ಇಂಜಿನ್ನು ಕೆಮ್ಮಿ ನಿಂತದ್ದು ಮತ್ತೆ ಏಳಲಿಲ್ಲ.

ಬಸ್‌ಸ್ಟ್ಯಾಂಡಿನ ಹತ್ತಿರ ಗದ್ದೆಪ್ಪನ ಹೊಸ ಕರೆಂಟಿನ ಗಿರಣಿ ಇತ್ತು. ಕರೆಂಟು ಇದ್ದಾಗ ಅಲ್ಲಿ ಜೋಳ ಬೀಸುತ್ತಿತ್ತು. ಇಲ್ಲದಾಗ ಹೆಂಗಸರು ಬುಟ್ಟಿಗಳನ್ನು ಸಾಲಾಗಿಟ್ಟು ಊರಿನ ಸುದ್ದಿ ಬೀಸುತ್ತಿದ್ದರು. ಹೀಗಾಗಿ ಗದ್ದೆಪ್ಪನ ಗಿರಣಿ ಯಾವಾಗಲೂ ತುಂಬಿರುತ್ತಿತ್ತು. ಅಮರಗುಂಡಪ್ಪ ಅದನ್ನೂ ಸಹಿಸಿಕೊಂಡ. ಸಹಿಸಲಾಗದ್ದು ಒಂದೇ. ಅವನ ಹೆಂಡತಿ ಕಸ್ತೂರೆಮ್ಮ ಎರಡು ದಿನಕ್ಕೊಮ್ಮೆ ತಲೆಯ ಮೇಲೆ ಜೋಳದ ಬುಟ್ಟಿ ಹೊತ್ತು, ಗಂಡನ ಗಿರಣಿಯ ಬಾಗಿಲ ಮುಂದೆಯೇ ಹಾಯ್ದು, ಗದ್ದೆಪ್ಪನಲ್ಲಿಗೆ ಬೀಸಿಸಲು ಹೋಗುತ್ತಿದ್ದಳು. ಗಿರಣಿಯವನ ಹೆಂಡತಿ ಬೇರೆಯವನ ಗಿರಣಿಯ ಪಾಳಿಯಲ್ಲಿ ನಿಲ್ಲುವುದನ್ನು ಊರು ಕಣ್ಣರಳಿಸಿ ನೋಡುತ್ತಿತ್ತು.

"ಹಿಂದಿನ ಓಣ್ಯಾಗ ಹಾಯ್ದು ಹೋದ್ರ ಏನಾಗ್ತದ?" ಎಂದು ಅವನು ಒಂದು ಮಧ್ಯಾಹ್ನ ಕೇಳಿದ.

"ಹಿಂದಿನ ಓಣ್ಯಾಗ ಗಟಾರ ಒಡದೈತಿ. ನಿಮಗ ರೊಟ್ಟಿ ಬೇಕೋ, ಮರ್ಯಾದಿ ಬೇಕೋ, ಹೇಳ್ರಿ" ಎಂದಳು ಕಸ್ತೂರೆಮ್ಮ.

ಅವನಿಗೆ ಎರಡೂ ಬೇಕಾಗಿತ್ತು. ಆದರೆ ಊಟದ ಹೊತ್ತಾಗಿದ್ದರಿಂದ ರೊಟ್ಟಿ ಎಂದ.

ಅದೇ ದಿನ ಸಂಜೆ ಚಹಾದ ಹೋಟೆಲಿನಲ್ಲಿ ಮುದುಕ ಅಲ್ಲಾಭಕ್ಷ್ ತನ್ನ ಹಳೆಯ ಕಥೆಯನ್ನು ನೂರಾ ಒಂದನೆಯ ಸಲ ಹೇಳುತ್ತಿದ್ದ. ನಿಜಾಮರ ಕಾಲದಲ್ಲಿ, ದೊಡ್ಡ ಯುದ್ಧದ ದಿನಗಳಲ್ಲಿ, ಪೆಟ್ರೋಲು ಸಿಗದೆ ಬಸ್ಸುಗಳ ಬೆನ್ನಿಗೆ ಇದ್ದಿಲಿನ ಒಲೆ ಕಟ್ಟಿ ಓಡಿಸುತ್ತಿದ್ದರು. ಅಲ್ಲಾಭಕ್ಷ್ ಅಂಥದೊಂದು ಬಸ್ಸಿನಲ್ಲಿ ರಾಯಚೂರಿನಿಂದ ಲಿಂಗಸುಗೂರಿಗೆ ಕ್ಲೀನರಾಗಿ ಹೋಗಿಬರುತ್ತಿದ್ದ. ಕಥೆ ಮುಗಿಯುವ ಹೊತ್ತಿಗೆ ಗದ್ದೆಪ್ಪ ಒಳಗೆ ಬಂದು ಬಹಳ ಸ್ನೇಹದಿಂದ, "ಅಮರಗುಂಡಪ್ಪ, ನಿನ್ನ ಇಂಜಿನ್ ಮಾರೋದಿದ್ರ ಹೇಳು. ಗುಜರಿಯವ ನನ್ನ ಪರಿಚಯದವ ಅದಾನ" ಎಂದ.

"ಸಂಕ್ರಾಂತಿ ಆಗಿ ಬರೋ ಸೋಮವಾರ ನನ್ನ ಗಿರಣಿ ಶುರು ಆಗ್ತದ. ಡೀಸೆಲ್ ಮ್ಯಾಲಲ್ಲ, ಜಾಲಿ ಕಟ್ಟಿಗಿ ಮ್ಯಾಲೆ" ಎಂದ ಅಮರಗುಂಡಪ್ಪ.

ಈ ಮಾತು ಕೇಳಿ ಹೋಟೆಲಿನಲ್ಲಿ ಎಲ್ಲರಿಗೂ ಆಶ್ಚರ್ಯವಾಯಿತು. ಎಲ್ಲರಿಗಿಂತ ಹೆಚ್ಚು ಆಶ್ಚರ್ಯವಾದದ್ದು ಅಮರಗುಂಡಪ್ಪನಿಗೇ.

ಆಡಿದ್ದಾಗಿತ್ತು. ಮರುದಿನ ಬೆಳಿಗ್ಗೆಯೇ ಅವನು ಅಲ್ಲಾಭಕ್ಷನ ಮನೆಯ ಕಟ್ಟೆಯ ಮೇಲೆ ಕುಳಿತಿದ್ದ. ಅಲ್ಲಾಭಕ್ಷ್ ಕಣ್ಣು ಮುಚ್ಚಿ, ಬಲಗೈಯನ್ನು ಗಾಳಿಯಲ್ಲಿ ಗರಗರ ತಿರುಗಿಸುತ್ತ ಎಲ್ಲವನ್ನೂ ನೆನಪಿಸಿಕೊಂಡ. ಬಸ್ಸು ಹೊರಡುವ ಮುಂಚೆ ಇಪ್ಪತ್ತು ನಿಮಿಷ ಅವನು ಒಲೆಯ ಪಂಖ ತಿರುಗಿಸಬೇಕಾಗಿತ್ತು. ಪಂಖದ ಹಿಡಿಕೆ ಎಷ್ಟು ಉದ್ದ, ಯಾವ ಕೈ ಮೊದಲು ನೋಯುತ್ತದೆ, ಯಾವ ಊರಿನ ಏರಿನಲ್ಲಿ ಮತ್ತೆ ತಿರುಗಿಸಬೇಕು, ಎಲ್ಲವೂ ಅವನಿಗೆ ಬಾಯಿಪಾಠ.

"ಒಳಗ ಏನೇನಿರ್ತಿತ್ತು ಕಾಕಾ?"

"ಒಳಗಿಂದು ಡ್ರೈವರಿಗೆ ಗೊತ್ತಿತ್ತು."

"ಡ್ರೈವರ್ ಎಲ್ಲಿ ಅದಾನ?"

"ತೀರಿಕೊಂಡು ಮೂವತ್ತು ವರ್ಷ ಆತು. ಪಂಖದ್ದು ಏನಿದ್ರೂ ಕೇಳು, ಹೇಳ್ತೀನಿ."

ಇಷ್ಟು ತಿಳುವಳಿಕೆಯನ್ನು ನಂಬಿ ಅಮರಗುಂಡಪ್ಪ ಸಿಂಧನೂರಿಗೆ ಹೋದ. ಗುಜರಿ ಅಂಗಡಿಯಲ್ಲಿ ಒಂದು ಖಾಲಿ ಡಾಂಬರು ಡ್ರಮ್ಮು ಕೊಂಡ. ವೆಲ್ಡಿಂಗ್ ಅಂಗಡಿಯವನು ಕಾಲೇಜು ಮೆಟ್ಟಿಲು ಹತ್ತಿ ಇಳಿದವನು. ಡ್ರಮ್ಮಿನಲ್ಲಿ ಕಟ್ಟಿಗೆಗೆ ಸ್ವಲ್ಪವೇ ಗಾಳಿ ಕೊಟ್ಟು ಉರಿಸಿ, ಅದರ ಹೊಗೆಯನ್ನು ಕೆಂಡದ ಮೂಲಕ ಎಳೆದು, ನೀರಿನಲ್ಲಿ ತಣಿಸಿ, ಭತ್ತದ ಹೊಟ್ಟಿನಲ್ಲಿ ಸೋಸಿ ಕಳಿಸಿದರೆ ಇಂಜಿನ್ನು ಓಡುತ್ತದೆ, ಶುರುವಿಗೆ ಒಂದಿಷ್ಟು, ಆಮೇಲೆ ಹನಿಯಷ್ಟು ಡೀಸೆಲ್ ಸಾಕು ಎಂದು ಅವನು ನೆಲದ ಮೇಲೆ ಚಿತ್ರ ಬರೆದು ತೋರಿಸಿದ. ಹೊಗೆ ತಣಿಸಲು ಒಂದು ಕೊಳವೆಯನ್ನೂ ಸುರುಳಿ ಸುತ್ತಿ ಕೊಟ್ಟ. ಸಂಕ್ರಾಂತಿ ಹತ್ತಿರವಿದ್ದುದರಿಂದ ಅಮರಗುಂಡಪ್ಪ ಬಜಾರಿನಲ್ಲಿ, ಮನೆಗೊಂದು ಮಠಕ್ಕೊಂದು ಎಂದು, ಎರಡು ದೊಡ್ಡ ಪೆಂಟೆ ಬೆಲ್ಲವನ್ನೂ ಕೊಂಡು ಬಸ್ಸು ಹತ್ತಿದ. ಡ್ರಮ್ಮು ಟಾಪಿನ ಮೇಲೆ, ಸುರುಳಿ ಕೊಳವೆ ತೊಡೆಯ ಮೇಲೆ, ಅದರ ನಡುವೆ ಬೆಲ್ಲ. ಕಂಡಕ್ಟರ್ ಇವೆಲ್ಲವನ್ನೂ ನೋಡಿದ, ಆಮೇಲೆ ಇವನ ಹಣೆಯ ಮೇಲಿನ ಮೂರು ಬೆರಳಿನ ವಿಭೂತಿಯನ್ನು ನೋಡಿದ, ಟಿಕೆಟ್ ಹರಿಯುವುದನ್ನು ಮರೆತು ಮುಂದೆ ಹೋದ.

ಊರಿಗೆ ಬಂದವನು ಬಡಿಗರ ಚಪ್ಪರಕ್ಕೆ ಹೋಗಿ, ನೇಗಿಲು ಬಂಡಿ ಕೆತ್ತಿ ಉಳಿದ ಜಾಲಿಯ ತುಂಡು, ಚಕ್ಕೆ, ತೊಗಟೆ ಎಲ್ಲವನ್ನೂ ನಾಲ್ಕು ಚೀಲ ತುಂಬಿಸಿಕೊಂಡು ಬಂದ. ಇಲ್ಲಿ ಓದುಗರಿಗೆ ಒಂದು ಮಾತು ಹೇಳಬೇಕು. ಈ ಸೀಮೆಯ ಜನಕ್ಕೆ ಜಾಲಿಯ ತೊಗಟೆಯಿಂದ ಆಗುವ ಕೆಲಸ ಎರಡೇ ಗೊತ್ತು. ಒಂದು, ಚರ್ಮ ಹದ ಮಾಡುವುದು. ಇನ್ನೊಂದು, ಬೆಲ್ಲದ ಜೊತೆ ಕೊಳೆಹಾಕಿ ಕಳ್ಳಭಟ್ಟಿ ಇಳಿಸುವುದು. ಅಮರಗುಂಡಪ್ಪ ಚರ್ಮದ ವ್ಯಾಪಾರಕ್ಕೆ ಇಳಿಯುವವನಲ್ಲ ಎಂಬುದು ಊರಿಗೆ ಗೊತ್ತಿತ್ತು.

ಪಕ್ಕದ ಮನೆಯ ಗ್ಯಾನಮ್ಮ ಗಿರಣಿಯ ಹಿತ್ತಲಲ್ಲಿ ಅಮರಗುಂಡಪ್ಪ ಡ್ರಮ್ಮಿನ ಮುಚ್ಚಳಕ್ಕೆ ಮಣ್ಣು ಸಗಣಿ ಮೆತ್ತುತ್ತಿದ್ದುದನ್ನು ಕಂಡಳು. ಕೊಳವೆಯ ಸುರುಳಿಯನ್ನು ನೀರಿನ ತೊಟ್ಟಿಯಲ್ಲಿ ಮುಳುಗಿಸಿ, ತುದಿಗೆ ಒಂದು ಸೀಸೆ ಕಟ್ಟಿದ್ದನ್ನೂ ಕಂಡಳು. ಕೊಳವೆಯಲ್ಲಿ ನಿಂತ ಕಂದು ನೀರು ಆ ಸೀಸೆಗೆ ಹನಿಹನಿಯಾಗಿ ಇಳಿಯುತ್ತಿತ್ತು. ಅವಳು ನೆಟ್ಟಗೆ ಕಸ್ತೂರೆಮ್ಮನ ಅಡುಗೆ ಮನೆಗೆ ಬಂದು ಕುಳಿತಳು.

"ಅಕ್ಕಾ, ನಿಮ್ಮ ಮನಿಯವರು ಚಲೋ ಮನುಷ್ಯಾರು. ಆದ್ರ ಕಷ್ಟ ಬಂದಾಗ ಮನುಷ್ಯಾ ಏನ್ ಮಾಡ್ಯಾನು."

"ಏನ್ ಮಾಡ್ಯಾರ?"

ಗ್ಯಾನಮ್ಮ ಬೆರಳು ಮಡಿಚಿದಳು. "ಡ್ರಮ್ಮು. ಸುರುಳಿ ಕೊಳವಿ. ಜಾಲಿ ಚಕ್ಕಿ. ಬೆಲ್ಲ."

"ಬೆಲ್ಲ ಹಬ್ಬದ ಹೋಳಿಗಿಗೆ ತಂದಾರ."

"ಎರಡು ಪೆಂಟಿನೂ ಏನಕ್ಕಾ?"

ಕಸ್ತೂರೆಮ್ಮ ಒಲೆಗೆ ಇನ್ನೊಂದು ಕಟ್ಟಿಗೆ ತುರುಕಿದಳು. ಇಬ್ಬರೇ ಇರುವ ಮನೆಗೆ ಎರಡು ಪೆಂಟೆ ಬೆಲ್ಲ ಯಾಕೆಂದು ಅವಳೂ ನಿನ್ನೆಯಿಂದ ಯೋಚಿಸುತ್ತಿದ್ದಳು. ಗಂಡ ಕಟ್ಟಿಗೆಯಿಂದ ಗಿರಣಿ ಓಡಿಸುತ್ತೇನೆಂದದ್ದು ಅವಳಿಗೂ ಗೊತ್ತು. ಆದರೆ ಕಟ್ಟಿಗೆಯಿಂದ ರೊಟ್ಟಿ ಬೇಯುವುದನ್ನು ಅವಳು ನೋಡಿದ್ದಳೇ ಹೊರತು ಇಂಜಿನ್ನು ಓಡುವುದನ್ನು ನೋಡಿರಲಿಲ್ಲ. ಗ್ಯಾನಮ್ಮ ಹೋದ ಮೇಲೆ ಮಸ್ಕಿಗೆ ಹೊರಟಿದ್ದ ಒಬ್ಬರ ಕೈಯಲ್ಲಿ, ಜಲ್ದಿ ಬಂದು ಹೋಗು ಎಂದು ತಮ್ಮನಿಗೆ ಹೇಳಿ ಕಳಿಸಿದಳು.

ಊರಿನ ಗಂಡಸರಿಗೆ ಇಷ್ಟೆಲ್ಲ ಯೋಚನೆ ಬೇಕಾಗಲಿಲ್ಲ. ಗಿರಣಿ ಕಟ್ಟಿಗೆಯಿಂದ ಓಡುತ್ತದೆ ಎಂಬ ನೆಪವನ್ನು ಅವರು ಬಹಳ ಮೆಚ್ಚಿಕೊಂಡರು. ಮೂರನೆಯ ದಿನ ಯಮನೂರಪ್ಪ ಎಂಬ ಕುರಿಗಾರ ಟವೆಲ್ಲನ್ನು ಹೆಗಲಿನಿಂದ ತೆಗೆದು ಕಂಕುಳಲ್ಲಿಟ್ಟುಕೊಂಡು ಗಿರಣಿಯ ಬಾಗಿಲಿಗೆ ಬಂದ. ಸರ್ಕಾರಿ ಪಾಕೀಟು ಸರಾಯಿ ಕುಡಿದು ಕುಡಿದು ಬೇಸತ್ತ ಜೀವ ಅದು.

"ಸಾವ್ಕಾರ್ರ, ತಯಾರ್ ಆತೇನ್ರಿ?"

"ಇನ್ನ ಎರಡು ದಿನ ತಡಿ. ಕೊಳವಿ ಸೋರಾಕತ್ತೈತಿ."

ಯಮನೂರಪ್ಪನ ಮುಖ ಸಣ್ಣಗಾಯಿತು. "ಸೋರಾಕ ಬಿಡಬ್ಯಾಡ್ರಿ. ಅದಕ್ಕಿಂತ ದೊಡ್ಡ ಲುಕ್ಸಾನ ಇಲ್ಲ."

ಅಮರಗುಂಡಪ್ಪನಿಗೆ ಕಣ್ಣು ಒದ್ದೆಯಾದಂತಾಯಿತು. "ಇಡೀ ಊರಾಗ ನನ್ನ ಕಷ್ಟ ತಿಳಿದವ ನೀ ಒಬ್ಬನ ನೋಡು."

"ತಿಳೀದ ಏನ್ರಿ. ಮೊದಲಿಂದು ನಮ್ಮ ಓಣಿಗೇ ಕೊಡಬೇಕ್ರಿ. ನಾವು ಹದಿನಾಲ್ಕು ಮಂದಿ ಅದೀವಿ."

"ನೀವ ಬರ್ತೀರೋ, ಮನ್ಯಾಗಿನ ಹೆಂಗಸರನ್ನ ಕಳಸ್ತೀರೋ?"

"ಹೆಂಗಸರಿಗೆ ಸುದ್ದಿ ಹೇಳಬ್ಯಾಡ್ರಿ ಸಾವ್ಕಾರ್ರ, ನಿಮ್ಮ ಕಾಲಿಗೆ ಬೀಳ್ತೀನಿ. ನಾವ ಬಂದು ಒಯ್ತೀವಿ."

ಹೆಂಗಸರ ತಲೆಯ ಮೇಲಿನ ಭಾರವನ್ನು ತಾವೇ ಹೊರಲು ಸಿದ್ಧರಾದ ಹದಿನಾಲ್ಕು ಗಂಡಸರು ತುರ್ವಿಹಾಳದಲ್ಲಿ ಇದ್ದಾರೆಂಬುದು ಅಮರಗುಂಡಪ್ಪನಿಗೆ ಹೊಸ ವಿಷಯ. ಕಾಲ ಸುಧಾರಿಸುತ್ತಿದೆ ಎಂದುಕೊಂಡ. ಅಂದಿನಿಂದ ದಿನವೂ ನಾಲ್ಕಾರು ಗಂಡಸರು ಬಂದು ಬಾಗಿಲಲ್ಲಿ ನಿಂತು, ಕೈಮುಗಿದು, ಹೆಸರು ಹೇಳಿ ಹೋದರು. ಅವನು ಎಲ್ಲರಿಗೂ ಸೋಮವಾರ ಬರಲು ಹೇಳಿದ.

ಸಂಕ್ರಾಂತಿಯ ವ್ಯಾಪಾರ ಮುಗಿದ ಮೇಲೆ, ಶನಿವಾರ, ಕಸ್ತೂರೆಮ್ಮನ ತಮ್ಮ ಮರಿಸ್ವಾಮಿ ಮಸ್ಕಿಯಿಂದ ಬಂದ. ಅಲ್ಲಿ ಬಟ್ಟೆ ಅಂಗಡಿ ಇಟ್ಟವನು. ವಯಸ್ಸಿನಲ್ಲಿ ಚಿಕ್ಕವನು, ಮಾತಿನಲ್ಲಿ ಯಾವಾಗಲೂ ಹಿರಿಯನು. ಅಕ್ಕ ಕೊಟ್ಟ ನೀರನ್ನು ಮುಟ್ಟದೆ ನೆಟ್ಟಗೆ ಗಿರಣಿಗೆ ಬಂದ.

"ಮಾಮಾ, ನಿಮ್ಮ ಕೊರಳಾಗ ಲಿಂಗ ಐತಿ."

"ಐತಲ್ಲ."

"ಅದರ ಮ್ಯಾಲೆ ಕೈ ಇಟ್ಟು ಈ ಧಂದೆ ಬಿಡ್ತೀನಿ ಅನ್ರಿ."

"ಯಾಕ ಬಿಡ್ಲಿ? ಡೀಸೆಲ್ ಬರೋತನಕ ನನಗ ಇದ ಗತಿ. ಚಲೋ ನಡದ್ರ ಮುಂದ ನಿನಗೂ ಮಸ್ಕ್ಯಾಗ ಒಂದು ಹಾಕಿ ಕೊಡ್ತೀನಿ."

ಮರಿಸ್ವಾಮಿ ಗೋಡೆ ಹಿಡಿದುಕೊಂಡ. "ಜನ ಏನಂತಾರ ಮಾಮಾ?"

"ಜನ ಖುಷಿ ಆಗ್ಯಾರ. ಮಠದಾಗೂ ಹೇಳಿ ಬಂದೀನಿ, ದಾಸೋಹಕ್ಕ ಎಷ್ಟು ಬೇಕಾದ್ರೂ ನಂದೇ ಸೇವಾ ಅಂತ."

"ಮಠದಾಗ? ಸ್ವಾಮಿಗಳು ಏನಂದ್ರು?"

"ಆಶೀರ್ವಾದ ಮಾಡಿದ್ರು. ಮಣ್ಣು ಕಸ ಬೀಳದಂಗ ಶುದ್ಧ ಇರಲಿ ಅಂದ್ರು."

ಮರಿಸ್ವಾಮಿ ಅಕ್ಕನ ಮನೆಗೆ ವಾಪಸು ಬಂದು, "ಅಕ್ಕಾ, ಮಠದ ತನಕ ಹೋಗೈತಿ" ಎಂದಷ್ಟೇ ಹೇಳಿ ಮಧ್ಯಾಹ್ನದ ಬಸ್ಸು ಹಿಡಿದ. ಅಂದಿನಿಂದ ಕಸ್ತೂರೆಮ್ಮ ಗಂಡನ ಜೊತೆ ಮಾತು ಬಿಟ್ಟಳು. ತಟ್ಟೆ ಇಡುತ್ತಿದ್ದಳು, ನೀರು ಇಡುತ್ತಿದ್ದಳು, ಮುಖ ಆಚೆ ತಿರುಗಿಸುತ್ತಿದ್ದಳು. ಗಿರಣಿ ಬಂದ್ ಬಿದ್ದ ಸಿಟ್ಟೆಂದು ಅವನು ತಿಳಿದ. ಸೋಮವಾರ ಬರಲಿ, ಅವಳ ಬುಟ್ಟಿ ನನ್ನ ಬಾಗಿಲು ದಾಟಿ ಹೋಗದಂತೆ ಮಾಡುತ್ತೇನೆ ಎಂದು ಕೊಳವೆಯ ಸಂದುಗಳಿಗೆ ಮತ್ತಷ್ಟು ಮಣ್ಣು ಮೆತ್ತಿದ.

ಸೋಮವಾರ ಬೆಳಿಗ್ಗೆ ಒಂಬತ್ತಕ್ಕೆ ಗಿರಣಿಯ ಮುಂದೆ ಒಂದು ಜೀಪು ನಿಂತಿತು. ಯಾರೋ ಹೆಸರಿಲ್ಲದ ಅರ್ಜಿ ಹಾಕಿದ್ದರು. ಗದ್ದೆಪ್ಪ ಎಂದು ಕೆಲವರು ಅಂದರು, ಪಾಕೀಟು ಸರಾಯಿ ಅಂಗಡಿಯವನು ಎಂದು ಕೆಲವರು ಅಂದರು. ಜೀಪಿನಿಂದ ಇಳಿದವರು ಅಬಕಾರಿ ಇನ್ಸ್‌ಪೆಕ್ಟರು ಮತ್ತು ಇಬ್ಬರು ಪೇದೆಗಳು. ಹದಿನೈದು ದಿನದ ಹಿಂದೆ ಅಮರಗುಂಡಪ್ಪ ತನ್ನ ಯಂತ್ರಕ್ಕೆ ಸಹಾಯಧನ ಬೇಕೆಂದು ಕೃಷಿ ಸಾಹೇಬರಿಗೆ ಪತ್ರ ಬರೆದಿದ್ದ. ಆದ್ದರಿಂದ ಖಾಕಿ ಬಟ್ಟೆ ಕಂಡರೂ ಅವನು ಹಿಗ್ಗಿ ಬಾಗಿಲಿಗೆ ಓಡಿದ.

"ಬರ್ರಿ ಸಾಹೇಬ್ರ, ನಿಮ್ಮ ಹಾದೀನ ನೋಡಾಕತ್ತಿದ್ದೆ."

ಇನ್ಸ್‌ಪೆಕ್ಟರರಿಗೆ ಇಪ್ಪತ್ತು ವರ್ಷದ ನೌಕರಿಯಲ್ಲಿ ಇಂಥ ಸ್ವಾಗತ ಸಿಕ್ಕಿರಲಿಲ್ಲ. ಅವರು ಅನುಮಾನದಿಂದಲೇ ಒಳಗೆ ಕಾಲಿಟ್ಟರು. ಅಮರಗುಂಡಪ್ಪ ಕೈಹಿಡಿದು, ಅಲ್ಲಾಭಕ್ಷ್ ಆಗಲೇ ಬಂದು ಕುಳಿತಿದ್ದ ಹಿತ್ತಲಿಗೆ ಕರೆದುಕೊಂಡು ಹೋಗಿ, ಒಂದೊಂದನ್ನೇ ಮುಟ್ಟಿ ತೋರಿಸತೊಡಗಿದ. ಪೇದೆ ಪುಸ್ತಕ ತೆಗೆದು ಬರೆದುಕೊಂಡ.

"ಇಲ್ಲಿ ಜಾಲಿ ತುಂಬತೀನ್ರಿ. ಕೆಳಗ ಉರಿ. ಆವಿ ಈ ಕೊಳವ್ಯಾಗ ಬಂದು ನೀರಾಗ ತಣ್ಣಗಾಗ್ತದ. ಇಲ್ಲಿ ಹನಿ ಬೀಳ್ತದ."

"ಎಷ್ಟು ದಿವಸದಿಂದ ನಡದದ?" ಇನ್ಸ್‌ಪೆಕ್ಟರರು ಕೇಳಿದರು.

"ಇಪ್ಪತ್ತು ದಿನ ಆತ್ರಿ."

"ಜೋಡಿ ಯಾರ್ಯಾರು ಅದಾರ?"

"ಈ ಅಲ್ಲಾಭಕ್ಷ್ ಕಾಕಾ ಒಬ್ಬನ್ರಿ. ನಿಜಾಮರ ಕಾಲದಿಂದ ಇವನಿಗೆ ಇದ ಕಸಬು. ಆವಾಗ ಬಸ್ಸಿನ ಹಿಂದ ಕಟ್ಟಿಕೊಂಡು ರಾಯಚೂರಿಂದ ಲಿಂಗಸುಗೂರ ತನಕ ಹೋಗ್ತಿದ್ರಂತ್ರಿ."

ಬರೆಯುತ್ತಿದ್ದ ಪೇದೆಯ ಕೈ ನಿಂತಿತು. "ಬಸ್ಸಿನ ಹಿಂದ ಅಂತ ಬರೀಲೇನ್ರಿ ಸರ್?"

"ಬರಿ" ಎಂದರು ಇನ್ಸ್‌ಪೆಕ್ಟರರು.

"ಮಾಲು ಯಾರಿಗೆ ಕೊಡ್ತಿ?"

"ಹದಿನಾಲ್ಕು ಮಂದಿ ಮೊದಲ ಹೆಸರು ಹೇಳ್ಯಾರ್ರಿ. ಅಕಾ ಅಲ್ಲಿ ನಿಂತಾರ ನೋಡ್ರಿ."

ಬಾಗಿಲಲ್ಲಿ ನಿಂತಿದ್ದ ಹದಿನಾಲ್ಕು ಮಂದಿಯಲ್ಲಿ ಹನ್ನೆರಡು ಮಂದಿ ಅಷ್ಟರಲ್ಲಿ ಇರಲಿಲ್ಲ. ಆದರೆ ಅವರ ಜಾಗಕ್ಕೆ ಊರೇ ಬಂದು ತುಂಬಿಕೊಂಡಿತ್ತು. ಗದ್ದೆಪ್ಪನ ಗಿರಣಿಗೆ ಹೊರಟಿದ್ದ ಹೆಂಗಸರು ತಲೆಯ ಮೇಲಿನ ಬುಟ್ಟಿ ಸಮೇತ ನಿಂತಿದ್ದರು. ಅವರ ನಡುವೆ ಕಸ್ತೂರೆಮ್ಮನೂ ಇದ್ದಳು.

"ಇದು ಚಲೋ ಐತಿ ಅಂತ ಹೆಂಗ ಗೊತ್ತಾಗ್ತದ?" ಎಂದರು ಇನ್ಸ್‌ಪೆಕ್ಟರರು.

ಆ ಪ್ರಶ್ನೆಗೇ ಕಾದಿದ್ದ ಅಮರಗುಂಡಪ್ಪ, "ಹಚ್ಚಿ ತೋರಸ್ತೀನ್ರಿ" ಎಂದ. ಅಲ್ಲಾಭಕ್ಷ್ ಕಮ್ಮಾರರ ಕುಲುಮೆಯಿಂದ ತಂದ ಪಂಖವನ್ನು ತಿರುಗಿಸಿದ. ಐದು ನಿಮಿಷಕ್ಕೆ ಬಿಳಿ ಹೊಗೆ ತೆಳ್ಳಗಾಯಿತು. ಅಮರಗುಂಡಪ್ಪ ಪಕ್ಕದ ಸಣ್ಣ ಕೊಳವೆಯ ಬಾಯಿಗೆ ಕಡ್ಡಿ ಗೀರಿದ. ಭುಸ್ಸೆಂದು ಗೇಣುದ್ದದ ನೀಲಿ ಉರಿ ಹೊರಬಂತು.

ಭಟ್ಟಿಯ ಸೆರೆ, ಅಂದರೆ ಸರಾಯಿ, ಗಟ್ಟಿ ಇದೆಯೋ ಇಲ್ಲವೋ ಎಂದು ನೋಡುವವರು ಒಂದು ಹನಿಗೆ ಬೆಂಕಿ ತಾಗಿಸುತ್ತಾರೆ. ನೀಲಿಯಾಗಿ ಉರಿದರೆ ಒಳ್ಳೆಯ ಮಾಲು. ಇದು ಇನ್ಸ್‌ಪೆಕ್ಟರರಿಗೆ ಇಲಾಖೆಯಿಂದ ಗೊತ್ತಿತ್ತು, ಊರಿಗೆ ಅನುಭವದಿಂದ ಗೊತ್ತಿತ್ತು. ಗೇಣುದ್ದದ ನೀಲಿ ಉರಿಯನ್ನು ಮಾತ್ರ ಯಾರೂ ಕಂಡಿರಲಿಲ್ಲ. ಓಡಿಹೋದ ಹನ್ನೆರಡು ಮಂದಿಯಲ್ಲಿ ಒಂಬತ್ತು ಮಂದಿ ವಾಪಸು ಬಂದರು. ಯಮನೂರಪ್ಪ ಟವೆಲ್ಲಿನಿಂದ ಬಾಯಿ ಒರೆಸಿಕೊಂಡು, "ನಮ್ಮಪ್ಪನ ಕಾಲದಾಗೂ ಇಂಥದು ಇರಲಿಲ್ಲ" ಎಂದ.

"ಸಹಿ ಮಾಡು" ಎಂದು ಪೇದೆ ಕಾಗದ ಚಾಚಿದ.

ಸಹಾಯಧನ ಇಷ್ಟು ಜಲ್ದಿ ಬರುತ್ತದೆಂದು ಅಮರಗುಂಡಪ್ಪ ಎಣಿಸಿರಲಿಲ್ಲ. ಆದರೂ ಗಿರಣಿ ನಡೆಸಿದ ಮನುಷ್ಯ, ಓದದೆ ಸಹಿ ಮಾಡುವವನಲ್ಲ. ಗಟ್ಟಿಯಾಗಿ ಓದಿದ. "ಸದರಿ ಆರೋಪಿಯು ತನ್ನ ಹಿತ್ತಲಿನಲ್ಲಿ ಜಾಲಿ ಚಕ್ಕೆಯಿಂದ ಕಳ್ಳಭಟ್ಟಿ..." ಅಲ್ಲಿಗೆ ಅವನ ದನಿ ನಿಂತಿತು. ಇಪ್ಪತ್ತು ದಿನದ ಮಾತುಗಳೆಲ್ಲ, ಯಮನೂರಪ್ಪ ಕಾಲಿಗೆ ಬೀಳುತ್ತೇನೆಂದದ್ದರಿಂದ ಹಿಡಿದು ಮರಿಸ್ವಾಮಿ ಗೋಡೆ ಹಿಡಿದದ್ದರವರೆಗೆ, ಒಂದೊಂದಾಗಿ ಅವನ ತಲೆಯಲ್ಲಿ ಮಗುಚಿ ಬಿದ್ದವು. ಜೈಲಿನ ಹೆದರಿಕೆ ಅವನಿಗೆ ಆಗಲಿಲ್ಲ. ಹೆಂಡತಿ ಎರಡು ದಿನದಿಂದ ಯಾಕೆ ಮುಖ ತಿರುಗಿಸಿದ್ದಳೆಂಬುದು ತಿಳಿದು ಬಹಳ ಅವಮಾನವಾಯಿತು.

"ಸಾಹೇಬ್ರ, ಇದು ಸೆರೆ ಅಲ್ರಿ. ಗಿರಣಿ ಇಂಜಿನ್ನಿಗೆ ಗ್ಯಾಸ್ ಮಾಡಾಕತ್ತೀನ್ರಿ."

"ಗಿರಣಿ ಆದ್ರ ಇಲ್ಲಿ ಹಿಟ್ಟಿನ ಧೂಳಿ ಯಾಕ ಇಲ್ಲ?" ಎಂದರು ಇನ್ಸ್‌ಪೆಕ್ಟರರು. ಮೂರು ತಿಂಗಳಿಂದ ನಿಂತ ಗಿರಣಿಯಲ್ಲಿ ಧೂಳೇನೋ ಇತ್ತು, ಹಿಟ್ಟಿನದಾಗಿರಲಿಲ್ಲ. "ಗಿರಣಿ ಅಂದ್ರ ಬೀಸಿ ತೋರಿಸು."

"ಜೋಳ ಬೇಕ್ರಿ."

ಇನ್ಸ್‌ಪೆಕ್ಟರರು ಗುಂಪಿನ ಕಡೆ ತಿರುಗಿದರು. "ಯಾರರೆ ಒಂದು ಬುಟ್ಟಿ ಕೊಡ್ರಿ."

ಏಳೆಂಟು ಹೆಂಗಸರ ತಲೆಯ ಮೇಲೆ ಬುಟ್ಟಿಗಳಿದ್ದವು. ಎಲ್ಲರೂ ಎರಡು ಹೆಜ್ಜೆ ಹಿಂದೆ ಸರಿದರು. "ಕೇಸ್ ಆದ್ರ ಜೋಳಾನೂ ಜಪ್ತಿ ಆಗ್ತದೇನ್ರಿ?" ಎಂದು ಗ್ಯಾನಮ್ಮ ಕೇಳಿದಳು. ಆಗಬಹುದು ಎಂದ ಪೇದೆ. ಮತ್ತೆ ಎರಡು ಹೆಜ್ಜೆ ಹಿಂದೆ ಸರಿದರು. ಹೀಗೆ ಎಲ್ಲರೂ ಸರಿದ ಮೇಲೆ ಕಸ್ತೂರೆಮ್ಮ ಒಬ್ಬಳೇ ಮುಂದೆ ಉಳಿದಳು.

ಅಮರಗುಂಡಪ್ಪ ಅವಳನ್ನು ಕರೆಯಲಿಲ್ಲ. ಅವಳು ಡ್ರಮ್ಮನ್ನು ನೋಡಿದಳು, ಮಸಿ ಹಿಡಿದ ಗಂಡನ ಮುಖವನ್ನು ನೋಡಿದಳು, ಆಮೇಲೆ ಇನ್ಸ್‌ಪೆಕ್ಟರರ ಕಡೆ ತಿರುಗಿದಳು.

"ಸಾಹೇಬ್ರ, ಸೆರೆ ತೆಗೆದು ಮಾರೋವಷ್ಟು ಅಕ್ಕಲ್ ನಮ್ಮ ಮನಿಯವರಿಗೆ ಇದ್ದಿದ್ರ, ನಾ ಯಾಕ ಮೂರು ತಿಂಗಳು ಮಂದಿ ಗಿರಣಿಗೆ ಬುಟ್ಟಿ ಹೊರ್ತಿದ್ದೆ?"

ಇಷ್ಟು ಹೇಳಿ ಒಳಗೆ ಹೋಗಿ ಜೋಳವನ್ನು ಗಿರಣಿಯ ಬಾಯಿಗೆ ಸುರಿದಳು. ತನ್ನ ಬಗ್ಗೆ ಇಷ್ಟು ಒಳ್ಳೆಯ ಮಾತನ್ನು ಅಮರಗುಂಡಪ್ಪ ಮದುವೆಯಾದಾಗಿನಿಂದ ಕೇಳಿರಲಿಲ್ಲ. ಇನ್ಸ್‌ಪೆಕ್ಟರರೂ ಆ ವಾದದಲ್ಲಿ ತಥ್ಯ ಕಂಡವರಂತೆ ಕಾಗದವನ್ನು ಮಡಿಚಿ ಹಿಡಿದರು.

ಅವನು ಕಾಪಾಡಿಟ್ಟಿದ್ದ ಅರ್ಧ ಸೀಸೆ ಡೀಸೆಲ್ಲನ್ನು ಇಂಜಿನ್ನಿಗೆ ಹಾಕಿ, ಹ್ಯಾಂಡಲ್ ಹಿಡಿದು ತಿರುಗಿಸಿದ. ಒಂದು ಸಲ ಇಲ್ಲ, ಎರಡು ಸಲ ಇಲ್ಲ. ಮೂರನೆಯ ಸಲಕ್ಕೆ ಇಂಜಿನ್ನು ಹಿಡಿಯಿತು. ಅವನು ಗ್ಯಾಸಿನ ನಲ್ಲಿ ತಿರುವಿ, ಡೀಸೆಲ್ಲನ್ನು ಹನಿಗೆ ಇಳಿಸಿದ. ಇಂಜಿನ್ನು ಕುಂಟಿತು, ಕೆಮ್ಮಿತು, ಬಹಳ ಹೊತ್ತು ಯೋಚನೆ ಮಾಡಿತು, ಕೊನೆಗೆ ಮನಸ್ಸು ಬದಲಿಸಿ ಮೆಲ್ಲಗೆ ಓಡತೊಡಗಿತು. ಬೆಲ್ಟು ಎಳೆಯಿತು, ಕಲ್ಲು ತಿರುಗಿತು. ಪೇದೆಯೊಬ್ಬ ಈ ಗದ್ದಲದಲ್ಲಿ ಸೀಸೆಯ ಕಂದು ನೀರನ್ನು ನಾಲಿಗೆಗೆ ಮುಟ್ಟಿಸಿಕೊಂಡು, ಅರ್ಧ ತಾಸು ಬಾವಿಯ ಹತ್ತಿರ ಉಗುಳುತ್ತ ನಿಂತಿದ್ದ. ಸಾಕ್ಷ್ಯ ಅಲ್ಲಿಗೆ ಮುಗಿಯಿತು.

ಹಳೆಯ ಲೆಕ್ಕದಲ್ಲಿ ಹತ್ತು ನಿಮಿಷದ ಬುಟ್ಟಿಗೆ ಮುಕ್ಕಾಲು ತಾಸು ಹಿಡಿಯಿತು. ಅಲ್ಲಾಭಕ್ಷ್ ಅಷ್ಟೂ ಹೊತ್ತು ಬೇಕಿಲ್ಲದಿದ್ದರೂ ಪಂಖ ತಿರುಗಿಸುತ್ತಲೇ ಇದ್ದ. ಇನ್ಸ್‌ಪೆಕ್ಟರರು ಕಟ್ಟೆಯ ಮೇಲೆ ಕುಳಿತು ಹೊಸ ಕಾಗದ ಬರೆಸಿದರು. "ಸದರಿ ಯಂತ್ರಕ್ಕೆ ಜೋಳ ಹಾಕಲಾಗಿ ಹಿಟ್ಟು ಬಂದಿರುತ್ತದೆ. ಮತ್ತೇನೂ ಬಂದಿರುವುದಿಲ್ಲ." ಯಮನೂರಪ್ಪ ಪಂಚನಾಗಿ ಅದಕ್ಕೆ ಹೆಬ್ಬೆಟ್ಟು ಒತ್ತಿದ. ಒತ್ತುವಾಗ ಅವನ ಮುಖ ನೋಡಲಾಗುತ್ತಿರಲಿಲ್ಲ. ಜೀಪು ಹೋಯಿತು, ಅದರ ಹಿಂದೆ ಉಳಿದಿದ್ದ ಹನ್ನೊಂದು ಮಂದಿಯೂ ತಲೆ ತಗ್ಗಿಸಿಕೊಂಡು ಹೋದರು.

ಹೆಂಗಸರು ಮಾತ್ರ ಹೋಗಲಿಲ್ಲ. ಕಸ್ತೂರೆಮ್ಮ ಹಿಟ್ಟಿಗೆ ಕೈ ಹಾಕಿದಳು. ಕಲ್ಲು ನಿಧಾನಕ್ಕೆ ತಿರುಗಿದ್ದರಿಂದ ಹಿಟ್ಟು ಕಾಯ್ದಿರಲಿಲ್ಲ, ಮನೆಯ ಬೀಸುಕಲ್ಲಿನದರಂತೆ ತಣ್ಣಗಿತ್ತು. ಒಂದು ಚಿಟಿಕೆ ತೆಗೆದು, ನೀರು ತಾಗಿಸಿ, ಎರಡು ಬೆರಳಲ್ಲಿ ಎಳೆದು ನೋಡಿದಳು. ಗ್ಯಾನಮ್ಮನೂ ಬಗ್ಗಿ ನೋಡಿ, "ಜಿಗಿ ಐತಲ್ಲಕ್ಕಾ" ಎಂದು ತನ್ನ ಬುಟ್ಟಿಯನ್ನು ತಲೆಯಿಂದ ಇಳಿಸಿ ಗಿರಣಿಯ ಬಾಗಿಲಲ್ಲಿ ಇಟ್ಟಳು. ಅದರ ಹಿಂದೆ ಇನ್ನೊಂದು ಬುಟ್ಟಿ ಬಂತು, ಅದರ ಹಿಂದೆ ಮತ್ತೊಂದು.

ಅಮರಗುಂಡಪ್ಪ ಹೆಂಡತಿಯ ಮುಖವನ್ನೇ ನೋಡುತ್ತ ನಿಂತ. ಚೆನ್ನಾಗಿದೆ ಎನ್ನುತ್ತಾಳೇನೋ ಎಂದು ಕಾದ. ಅವಳು ಹಿಟ್ಟಿನ ಮೇಲೆ ಬಟ್ಟೆ ಹೊದಿಸಿ, ಬುಟ್ಟಿಯನ್ನು ಸೊಂಟಕ್ಕೆ ಏರಿಸಿಕೊಂಡು ಹೊಸ್ತಿಲು ದಾಟಿದಳು. ದಾಟಿದವಳು ಅರ್ಧ ತಿರುಗಿ ನಿಂತಳು.

"ನಾಳಿ ಗೋಧಿ ತರ್ತೀನಿ. ಅದಕ್ಕಿಂತ ಮೊದಲ ಯಾರದೂ ಮೆಣಸಿನಕಾಯಿ ಹಾಕಬ್ಯಾಡ್ರಿ ಮತ್ತ" ಎಂದು ಹೇಳಿ ಹೋದಳು.